ಇಪ್ಪತ್ತೆಂಟಕ್ಕೇ ಆಟ ಮುಗಿಸಿದ ಬಾಬಿ ಜೋನ್ಸ್

1930ರ ನವೆಂಬರ್ 17ರಂದು ಅಮೆರಿಕದ ಪತ್ರಿಕೆಗಳಿಗೆ ಒಂದು ಹೇಳಿಕೆ ಬಂತು. ಜಾರ್ಜಿಯಾ ರಾಜ್ಯದ ಅಟ್ಲಾಂಟಾದ ವಕೀಲ ರಾಬರ್ಟ್ ಟೈರ್ ಜೋನ್ಸ್ ಇನ್ನು ಮುಂದೆ ಚಾಂಪಿಯನ್‌ಷಿಪ್‌ಗಳಲ್ಲಿ ಗಾಲ್ಫ್ ಆಡುವುದಿಲ್ಲ ಎಂಬುದು ಅದರ ಸಾರ. ಆತನಿಗೆ ಆಗ 28 ವರ್ಷ. ಬ್ರಿಟನ್ನಿನ ಅಮೆಚೂರ್ (ಹವ್ಯಾಸಿಗಳದ್ದು) ಮತ್ತು ಓಪನ್ (ವೃತ್ತಿಪರರಿಗೂ ತೆರೆದದ್ದು), ಅಮೆರಿಕದ ಓಪನ್ ಮತ್ತು ಅಮೆಚೂರ್, ಹೀಗೆ ಆ ಕಾಲದ ನಾಲ್ಕೂ ದೊಡ್ಡ ಪ್ರಶಸ್ತಿಗಳನ್ನು ಆ ಒಂದೇ ವರ್ಷದಲ್ಲಿ ಗೆದ್ದು ಎರಡು ತಿಂಗಳೂ ಆಗಿರಲಿಲ್ಲ. ಹಿಂದೆ ಯಾರೂ ಅದನ್ನು ಮಾಡಿರಲಿಲ್ಲ, ಆಮೇಲೂ ಮಾಡಿಲ್ಲ. ಮೈಗೆ ಪೆಟ್ಟಾಗಿರಲಿಲ್ಲ, ಆಟ ಕೈಕೊಟ್ಟಿರಲಿಲ್ಲ.

ಬಾಬಿ ಜೋನ್ಸ್ ಎಂದೊಡನೆ ಎಲ್ಲರೂ ಆ ನಾಲ್ಕು ಗೆಲುವುಗಳ ಮಾತೆತ್ತುತ್ತಾರೆ. ನನ್ನ ಕುತೂಹಲವೆಲ್ಲ ಆ ಹೇಳಿಕೆಯ ಮೇಲೆ. ಗೆಲ್ಲುತ್ತಿರುವಾಗಲೇ ಎದ್ದು ಮನೆಗೆ ಹೋಗುವ ಸ್ವಾತಂತ್ರ್ಯ ಆಟಗಾರನಿಗೆ ಎಲ್ಲಿಂದ ಬರಬೇಕು? ಜೋನ್ಸ್‌ಗೆ ಅದು ಇತ್ತು. ಏಕೆಂದರೆ ಆಟ ಅವನ ಹೊಟ್ಟೆಪಾಡಾಗಿರಲಿಲ್ಲ. ಹದಿನಾಲ್ಕು ವರ್ಷ ದೇಶದ ಅತಿ ಕಠಿಣ ಸ್ಪರ್ಧೆಗಳಲ್ಲಿ ಆಡಿದರೂ ಬಹುಮಾನದ ಹಣ ಎಂದು ಒಂದು ಡಾಲರನ್ನೂ ಮುಟ್ಟದೆ ಆತ ಹವ್ಯಾಸಿಯಾಗಿಯೇ ಉಳಿದಿದ್ದ.

ಹವ್ಯಾಸಿ ಮತ್ತು ವೃತ್ತಿಪರ ಎಂಬ ಭೇದ ಆಗಿನ ಗಾಲ್ಫ್‌ನಲ್ಲಿ ಹಣದ ಲೆಕ್ಕಕ್ಕಷ್ಟೇ ನಿಲ್ಲುತ್ತಿರಲಿಲ್ಲ, ಅದು ಅಂತಸ್ತಿನ ಭೇದವೂ ಆಗಿತ್ತು. ವೃತ್ತಿಪರರೆಂದರೆ ಹೆಚ್ಚಿನವರು ಕ್ಯಾಡಿಗಳಾಗಿ ಸಾಹುಕಾರರ ಚೀಲ ಹೊತ್ತು ಬೆಳೆದವರು. ಕ್ಲಬ್ಬಿನ ಸದಸ್ಯರಿಗೆ ಆಟ ಕಲಿಸುವುದು, ಮುರಿದ ಕೋಲುಗಳನ್ನು ರಿಪೇರಿ ಮಾಡುವುದು, ಚೆಂಡು ಮಾರುವುದು ಅವರ ಕೆಲಸ. ಟೂರ್ನಿ ಆಡಲು ಬಂದರೂ ಅನೇಕ ಕಡೆ ಕ್ಲಬ್‌ಹೌಸಿನ ಒಳಗೆ ಕಾಲಿಡುವಂತಿರಲಿಲ್ಲ. 1920ರಲ್ಲಿ ಇಂಗ್ಲೆಂಡಿನ ಡೀಲ್‌ನಲ್ಲಿ ಬ್ರಿಟಿಷ್ ಓಪನ್ ನಡೆದಾಗ ಅಮೆರಿಕದ ವಾಲ್ಟರ್ ಹೇಗನ್ ಬಾಡಿಗೆಯ ಐಷಾರಾಮಿ ಕಾರೊಂದನ್ನು ಕ್ಲಬ್‌ಹೌಸಿನ ಎದುರಿಗೇ ನಿಲ್ಲಿಸಿ ಅದರಲ್ಲೇ ಬಟ್ಟೆ ಬದಲಿಸಿಕೊಂಡು ಸೇಡು ತೀರಿಸಿಕೊಂಡ. ಅದೇ ವರ್ಷ ಒಹಾಯೊದ ಇನ್ವರ್ನೆಸ್ ಕ್ಲಬ್ ತನ್ನ ಬಾಗಿಲನ್ನು ವೃತ್ತಿಪರರಿಗೂ ತೆರೆಯಿತು. ಅವರೆಲ್ಲ ಸೇರಿ ಚಂದಾ ಎತ್ತಿ ಕ್ಲಬ್ಬಿಗೆ ಎತ್ತರದ ಗಡಿಯಾರವೊಂದನ್ನು ಕೊಟ್ಟರು. ಚೀಲ ಹೊರುವವನು ಆಟಗಾರನಾಗುವ ದಾರಿ ನಮಗೂ ಗೊತ್ತಿಲ್ಲದ್ದಲ್ಲ. 1876ರಷ್ಟು ಹಿಂದೆಯೇ ಗಾಲ್ಫ್ ಕ್ಲಬ್ ಕಂಡ ಬೆಂಗಳೂರಿನಲ್ಲಿ ಕ್ಯಾಡಿಯಾಗಿದ್ದ ಮುನಿಯಪ್ಪ 2009ರಲ್ಲಿ ಇಂಡಿಯನ್ ಓಪನ್ ಗೆದ್ದರು.

ಜೋನ್ಸ್ ಬಂದದ್ದು ಬೇಲಿಯ ಆಚೆ ಬದಿಯಿಂದ. 1902ರ ಮಾರ್ಚ್ 17ರಂದು ಹುಟ್ಟಿದ ಮಗು ನಿಶ್ಶಕ್ತ, ಊಟ ಮೈಗೆ ಹತ್ತುತ್ತಿರಲಿಲ್ಲ. ವಕೀಲನಾಗಿದ್ದ ತಂದೆ ಬೇಸಿಗೆ ಕಳೆಯಲು ಕುಟುಂಬವನ್ನು ಊರಾಚೆಯ ಈಸ್ಟ್ ಲೇಕ್‌ಗೆ ಕರೆದೊಯ್ದ. ಮನೆಯ ಪಕ್ಕದಲ್ಲೇ ಗಾಲ್ಫ್ ಮೈದಾನ. ಅಲ್ಲಿ ಆಟ ಕಲಿಸುತ್ತಿದ್ದವನು ಸ್ಕಾಟ್ಲೆಂಡಿನ ಕಾರ್ನೂಸ್ಟಿಯ ಸ್ಟೂವರ್ಟ್ ಮೇಡನ್, ಮಾತು ಕಡಿಮೆಯ ಮನುಷ್ಯ. ಹುಡುಗ ಅವನ ಬಳಿ ಕುಳಿತು ಪಾಠ ಹೇಳಿಸಿಕೊಂಡದ್ದಿಲ್ಲ. ಹಿಂದೆ ಹಿಂದೆಯೇ ನಡೆದು, ಅವನು ಕೋಲು ಬೀಸುವ ರೀತಿ ನೋಡಿಕೊಂಡು, ಮನೆಗೆ ಬಂದು ಹಾಗೇ ಅಣಕಿಸಿ ಬೀಸುತ್ತಿದ್ದ. ಜಗತ್ತು ಮುಂದೆ ಕಣ್ಣರಳಿಸಿ ನೋಡಿದ ಆ ನಿಧಾನದ, ಮೈಯೆಲ್ಲ ಒಂದಾಗಿ ತಿರುಗುವ ಬೀಸು ಅಣಕಿನಿಂದ ಬಂದದ್ದು.

1916ರಲ್ಲಿ, ಹದಿನಾಲ್ಕರ ವಯಸ್ಸಿನಲ್ಲಿ, ಫಿಲಡೆಲ್ಫಿಯಾ ಬಳಿಯ ಮೆರಿಯನ್‌ನಲ್ಲಿ ಮೊದಲ ಬಾರಿಗೆ ಅಮೆರಿಕದ ಅಮೆಚೂರ್ ಚಾಂಪಿಯನ್‌ಷಿಪ್ ಆಡಿ ಕ್ವಾರ್ಟರ್ ಫೈನಲ್ ತಲುಪಿದ. ಪತ್ರಿಕೆಗಳು ಬಾಲಪ್ರತಿಭೆ ಎಂದು ಹೊಗಳಿದವು. ಆಮೇಲೆ ಏಳು ವರ್ಷ ದೊಡ್ಡದೇನೂ ಕೈಗೆ ಹತ್ತಲಿಲ್ಲ. ಕೌಶಲಕ್ಕೆ ಕೊರತೆ ಇರಲಿಲ್ಲ, ಕೋಪ ಮೂಗಿನ ತುದಿಯಲ್ಲೇ ಇತ್ತು. ಹೊಡೆತ ತಪ್ಪಿದರೆ ಕೋಲು ಹಾರುತ್ತಿತ್ತು, ಬಾಯಿಂದ ಬೈಗುಳ ಹೊರಡುತ್ತಿತ್ತು. 1920ರ ಅಮೆರಿಕದ ಓಪನ್‌ನಲ್ಲಿ ಆತನ ಜೊತೆ ಆಡಿದವನು ಐವತ್ತರ ಹರೆಯದ ಹ್ಯಾರಿ ವಾರ್ಡನ್, ಆರು ಬಾರಿ ಬ್ರಿಟಿಷ್ ಓಪನ್ ಗೆದ್ದ ದಿಗ್ಗಜ. ಸುಲಭದ ಹೊಡೆತವೊಂದನ್ನು ಕೆಡಿಸಿಕೊಂಡ ಜೋನ್ಸ್ ಮುಜುಗರದಿಂದ, ಇದಕ್ಕಿಂತ ಕೆಟ್ಟ ಹೊಡೆತ ನೋಡಿದ್ದೀರಾ ಎಂದು ಕೇಳಿದನಂತೆ. ಇಲ್ಲ ಎಂದಷ್ಟೇ ಹೇಳಿ ವಾರ್ಡನ್ ಮುಂದೆ ನಡೆದನಂತೆ.

1921ರಲ್ಲಿ ಎರಡು ಘಟನೆ. ಸ್ಕಾಟ್ಲೆಂಡಿನ ಸೇಂಟ್ ಆಂಡ್ರೂಸ್‌ನಲ್ಲಿ ಬ್ರಿಟಿಷ್ ಓಪನ್‌ನ ಮೂರನೇ ಸುತ್ತು. ಮೊದಲ ಒಂಬತ್ತು ಹೋಲ್‌ಗಳಿಗೇ ಎಣಿಕೆ ಹಳ್ಳ ಹಿಡಿದಿತ್ತು. ಹನ್ನೊಂದನೆಯ ಹೋಲ್‌ನಲ್ಲಿ ಚೆಂಡು ಮರಳಿನ ಗುಂಡಿಗೆ ಬಿತ್ತು. ಹೊಡೆದ, ಬರಲಿಲ್ಲ. ಮತ್ತೆ ಹೊಡೆದ. ಕೊನೆಗೆ ಚೆಂಡನ್ನು ಎತ್ತಿ ಜೇಬಿಗಿಟ್ಟುಕೊಂಡು ಸ್ಪರ್ಧೆಯಿಂದ ಹೊರನಡೆದ. ಗಾಲ್ಫ್ ಹುಟ್ಟಿದೂರಿನ ಜನ ಅದನ್ನು ಒರಟುತನವೆಂದೇ ಎಣಿಸಿದರು, ಜೋನ್ಸ್ ಕೂಡ ಬಾಳಿಡೀ ಅದಕ್ಕೆ ನಾಚಿಕೊಂಡ. ಊರಿಗೆ ಮರಳಿದ ಮೇಲೆ ಅಮೆಚೂರ್ ಚಾಂಪಿಯನ್‌ಷಿಪ್‌ನಲ್ಲಿ ಸಿಟ್ಟಿಗೆ ಎಸೆದ ಕೋಲು ಪ್ರೇಕ್ಷಕಿಯೊಬ್ಬಳ ಕಾಲಿಗೆ ಬಡಿಯಿತು. ಕೋಪ ಹಿಡಿತಕ್ಕೆ ಬರದಿದ್ದರೆ ನಮ್ಮ ಸ್ಪರ್ಧೆಗಳಲ್ಲಿ ಆಡುವಂತಿಲ್ಲ ಎಂದು ಅಮೆರಿಕದ ಗಾಲ್ಫ್ ಸಂಘ ಎಚ್ಚರಿಸಿತು.

ಅಷ್ಟಾದ ಮೇಲೆ ಕೋಪ ಒಳಗಿಳಿಯಿತು. ಹೋಗಲಿಲ್ಲ, ಒಳಗೇ ಕೂತಿತು. ಚಾಂಪಿಯನ್‌ಷಿಪ್ ನಡೆಯುವ ವಾರದಲ್ಲಿ ಬೆಳಗಿನ ತಿಂಡಿ ಗಂಟಲಲ್ಲಿ ಇಳಿಯುತ್ತಿರಲಿಲ್ಲ, ವಾರ ಮುಗಿಯುವಷ್ಟರಲ್ಲಿ ಹತ್ತು ಹದಿನೈದು ಪೌಂಡ್ ತೂಕ ಇಳಿದಿರುತ್ತಿತ್ತು. ಹೊರಗೆ ನಗುಮುಖ. ಅಟ್ಲಾಂಟಾದ ಪತ್ರಕರ್ತ ಓ. ಬಿ. ಕೀಲರ್ ಮಾತ್ರ ಒಳಗಿನದನ್ನೂ ಬಲ್ಲವನು. ಊರಿಂದೂರಿಗೆ ರೈಲಿನಲ್ಲಿ, ಹಡಗಿನಲ್ಲಿ ಜೊತೆಗೇ ಹೋಗುತ್ತಿದ್ದ ಅವನಿಂದಲೇ ನಮಗೆ ಈ ವಿವರಗಳು ಉಳಿದು ಬಂದಿವೆ.

ಬರಗಾಲ ಮುಗಿದದ್ದು 1923ರ ಜುಲೈನಲ್ಲಿ, ನ್ಯೂಯಾರ್ಕ್ ಬಳಿಯ ಇನ್‌ವುಡ್‌ನಲ್ಲಿ. ಅಮೆರಿಕದ ಓಪನ್‌ನಲ್ಲಿ ಕೊನೆಯ ಹೋಲ್‌ಗಳನ್ನು ಕೆಟ್ಟದಾಗಿ ಆಡಿ ಗೆಲುವನ್ನು ಕೈಯಾರೆ ಜಾರಿಸಿಕೊಂಡ ಜೋನ್ಸ್ ಮರುದಿನ ಸ್ಕಾಟ್ಲೆಂಡ್ ಮೂಲದ ಬಾಬಿ ಕ್ರೂಕ್‌ಶ್ಯಾಂಕ್ ಜೊತೆ ಪ್ಲೇಆಫ್ ಆಡಬೇಕಾಯಿತು. ಹದಿನೇಳು ಹೋಲ್ ಮುಗಿದಾಗಲೂ ಇಬ್ಬರದೂ ಸಮ. ಹದಿನೆಂಟನೆಯದರಲ್ಲಿ ಕ್ರೂಕ್‌ಶ್ಯಾಂಕ್‌ನ ಮೊದಲ ಹೊಡೆತ ಕೆಟ್ಟಿತು, ನೀರು ದಾಟಿಸುವ ಆಸೆ ಬಿಟ್ಟು ಈಚೆಗೇ ಉಳಿದ. ಜೋನ್ಸ್‌ನ ಚೆಂಡು ಫೇರ್‌ವೇ ಬಿಟ್ಟು ಅಂಚಿನ ಗಟ್ಟಿ ನೆಲದಲ್ಲಿತ್ತು. ಗ್ರೀನ್‌ಗೆ ಸುಮಾರು 190 ಗಜ, ಮಧ್ಯೆ ನೀರು. ಆತನೂ ಈಚೆಗೇ ಹೊಡೆದು ಸಮಬಲದ ಲೆಕ್ಕ ಹಾಕಬಹುದಿತ್ತು. ಯೋಚಿಸುತ್ತ ನಿಲ್ಲಲಿಲ್ಲ, ಎರಡನೆಯ ನಂಬರಿನ ಕಬ್ಬಿಣದ ಕೋಲು ಎತ್ತಿ ಬೀಸಿದ. ಚೆಂಡು ನೀರು ದಾಟಿ ಗ್ರೀನ್ ಮೇಲೆ ಬಿದ್ದು ಗುಳಿಯಿಂದ ಏಳೆಂಟು ಅಡಿ ಅಂತರದಲ್ಲಿ ನಿಂತಿತು. ನೋಡುತ್ತಿದ್ದ ಮೇಡನ್ ತನ್ನ ಹುಲ್ಲಿನ ಟೋಪಿಯನ್ನು ಕ್ಯಾಡಿಯ ತಲೆಗೆ ಬಡಿದು ಹಾಳುಮಾಡಿದನೆಂದು ಕಥೆ. ಲೆಕ್ಕ 76ಕ್ಕೆ 78. ಇಪ್ಪತ್ತೊಂದರ ಹುಡುಗ ದೇಶದ ವೃತ್ತಿಪರರನ್ನೆಲ್ಲ ಹಿಂದೆ ಹಾಕಿದ್ದ.

ಅಲ್ಲಿಂದ 1930ರವರೆಗಿನ ಎಂಟು ಋತುಗಳಲ್ಲಿ ಆಡಿದ 21 ದೊಡ್ಡ ಸ್ಪರ್ಧೆಗಳಲ್ಲಿ 13 ಗೆಲುವು: ಅಮೆರಿಕದ ಅಮೆಚೂರ್ ಐದು, ಅಮೆರಿಕದ ಓಪನ್ ನಾಲ್ಕು, ಬ್ರಿಟಿಷ್ ಓಪನ್ ಮೂರು, ಬ್ರಿಟಿಷ್ ಅಮೆಚೂರ್ ಒಂದು. ಒಂದೊಂದನ್ನೂ ಇಲ್ಲಿ ಹೇಳುತ್ತ ಕೂರುವುದಿಲ್ಲ. ಆ ಹದಿಮೂರಕ್ಕಿಂತ ಜನ ಇಂದಿಗೂ ಹೆಚ್ಚಾಗಿ ಹೇಳಿಕೊಳ್ಳುವುದು ಆತ ಸೋತ ಒಂದು ಸ್ಪರ್ಧೆಯ ವಿಷಯ.

1925ರ ಅಮೆರಿಕದ ಓಪನ್, ಮ್ಯಾಸಚೂಸೆಟ್ಸ್‌ನ ವೂಸ್ಟರ್. ಮೊದಲ ಸುತ್ತಿನ ಹನ್ನೊಂದನೆಯ ಹೋಲ್. ಚೆಂಡು ಗ್ರೀನ್ ಪಕ್ಕದ ಏರಿನಲ್ಲಿ ಎತ್ತರದ ಹುಲ್ಲಿನೊಳಗೆ ಕೂತಿತ್ತು. ಹೊಡೆಯಲು ಕೋಲು ಚಾಚಿದಾಗ ಅದರ ಮುಖ ಹುಲ್ಲಿಗೆ ತಗುಲಿ ಚೆಂಡು ಕದಲಿತು. ಕೂದಲೆಳೆಯಷ್ಟು. ಜೊತೆಗಾರ ನೋಡಿರಲಿಲ್ಲ, ಅಧಿಕಾರಿಗಳು ನೋಡಿರಲಿಲ್ಲ. ತನಗೆ ಒಂದು ಹೊಡೆತದ ದಂಡ ಹಾಕಬೇಕೆಂದು ಜೋನ್ಸ್ ತಾನೇ ಹೋಗಿ ಹೇಳಿದ. ಅಧಿಕಾರಿಗಳು ಸುತ್ತಲಿದ್ದವರನ್ನೆಲ್ಲ ವಿಚಾರಿಸಿದರು, ಕಂಡವರು ಒಬ್ಬರೂ ಇಲ್ಲ. ತೀರ್ಮಾನವನ್ನು ಅವನಿಗೇ ಬಿಟ್ಟರು, ಅವನು ದಂಡ ಹಾಕಿಕೊಂಡ. ನಾಲ್ಕು ಸುತ್ತು ಮುಗಿದಾಗ ಜೋನ್ಸ್ ಮತ್ತು ವೃತ್ತಿಪರ ಆಟಗಾರ ವಿಲ್ಲಿ ಮ್ಯಾಕ್‌ಫಾರ್ಲೇನ್ ಇಬ್ಬರದೂ 291. ಪ್ಲೇಆಫ್‌ನ ಹದಿನೆಂಟು ಹೋಲ್ ಆಡಿದರು, ಮತ್ತೆ ಸಮ. ಇನ್ನೂ ಹದಿನೆಂಟು ಆಡಿದರು. ಮ್ಯಾಕ್‌ಫಾರ್ಲೇನ್ ಒಂದೇ ಒಂದು ಹೊಡೆತದಿಂದ ಗೆದ್ದ. ಪ್ರಾಮಾಣಿಕತೆಯನ್ನು ಹೊಗಳಲು ಬಂದವರ ಮೇಲೆ ಜೋನ್ಸ್ ರೇಗಿದನಂತೆ. ಬ್ಯಾಂಕ್ ದೋಚಲಿಲ್ಲವೆಂದು ಯಾರನ್ನಾದರೂ ಹೊಗಳುತ್ತೀರಾ ಎಂಬರ್ಥದ ಮಾತಾಡಿದನಂತೆ.

ಈ ಕಥೆ ಹೇಳುವವರು ಮರೆಯುವ ಒಂದು ಸಂಗತಿಯಿದೆ. ಆ ಒಂದು ಹೊಡೆತಕ್ಕೆ ಜೋನ್ಸ್ ತೆತ್ತದ್ದು ಕೀರ್ತಿ, ಮ್ಯಾಕ್‌ಫಾರ್ಲೇನ್ ತೆರಬೇಕಾಗಿದ್ದರೆ ಅದು ಸಂಸಾರದ ದುಡ್ಡು. ಜೋನ್ಸ್ ವೃತ್ತಿಪರನಾಗಿದ್ದರೂ ಅದನ್ನೇ ಮಾಡುತ್ತಿದ್ದ ಎಂಬುದರಲ್ಲಿ ನನಗೆ ಸಂಶಯವಿಲ್ಲ. ಆದರೂ ಆ ನೇರತನವನ್ನು ನೆಮ್ಮದಿಯಾಗಿ ನಡೆಸಿಕೊಳ್ಳುವ ಅನುಕೂಲ ಆತನಿಗಿತ್ತು.

ವರ್ಷದಲ್ಲಿ ಆತ ಆಡುತ್ತಿದ್ದದ್ದೇ ಬೆರಳೆಣಿಕೆಯ ಟೂರ್ನಿಗಳು. ಉಳಿದ ಕಾಲ ಓದು, ಆಮೇಲೆ ಕಕ್ಷಿದಾರರು. ಜಾರ್ಜಿಯಾ ಟೆಕ್‌ನಲ್ಲಿ ಮೆಕ್ಯಾನಿಕಲ್ ಎಂಜಿನಿಯರಿಂಗ್ ಮುಗಿಸಿ ಹಾರ್ವರ್ಡ್‌ಗೆ ಹೋಗಿ 1924ರಲ್ಲಿ ಇಂಗ್ಲಿಷ್ ಸಾಹಿತ್ಯದ ಪದವಿ ಪಡೆದ. ಒಮ್ಮೆ ಪದವಿ ಪಡೆದವನು ಕಾಲೇಜು ತಂಡಕ್ಕೆ ಆಡುವಂತಿಲ್ಲ ಎಂಬ ನಿಯಮವಿದ್ದುದರಿಂದ, ಅಮೆರಿಕದ ಓಪನ್ ಚಾಂಪಿಯನ್ ಹಾರ್ವರ್ಡ್‌ನ ಗಾಲ್ಫ್ ತಂಡಕ್ಕೆ ಸಹಾಯಕ ಮ್ಯಾನೇಜರ್ ಆಗಿ ಕೆಲಸ ಮಾಡಬೇಕಾಯಿತು. ಆ ವರ್ಷವೇ ಮೇರಿ ಮಲೋನ್ ಜೊತೆ ಮದುವೆ. ಬಳಿಕ ಎಮರಿ ವಿಶ್ವವಿದ್ಯಾಲಯದಲ್ಲಿ ಕಾನೂನು ಓದಲು ಸೇರಿ, ಕೋರ್ಸ್ ಮುಗಿಯುವ ಮೊದಲೇ ವಕೀಲಿ ಪರೀಕ್ಷೆ ಪಾಸಾಗಿ ತಂದೆಯ ಕಚೇರಿ ಸೇರಿದ. ಸ್ಪರ್ಧೆಗೆಂದು ಬ್ರಿಟನ್ನಿಗೆ ಹೋದದ್ದು ನಾಲ್ಕೇ ಬಾರಿ, ಅದರಲ್ಲಿ ಮೂರು ಅಮೆರಿಕ ತಂಡದ ಜೊತೆ. ಒಂದು ಪ್ರವಾಸ ಮಾತ್ರ, 1927ರದ್ದು, ಸೇಂಟ್ ಆಂಡ್ರೂಸ್‌ಗಾಗಿ. ಆರು ವರ್ಷದ ಹಿಂದೆ ಚೆಂಡು ಜೇಬಿಗಿಟ್ಟುಕೊಂಡು ಹೊರಟುಹೋಗಿದ್ದ ಮೈದಾನದಲ್ಲೇ ಬ್ರಿಟಿಷ್ ಓಪನ್ ಗೆದ್ದು, ಕಪ್ಪನ್ನು ಅಟ್ಲಾಂಟಾಕ್ಕೆ ಒಯ್ಯದೆ ಅಲ್ಲಿಯೇ ಇಟ್ಟು ಬರುವುದಾಗಿ ಹೇಳಿದ. ಊರು ಅವನನ್ನು ಅಂದಿನಿಂದ ತನ್ನವನೆಂದುಕೊಂಡಿತು.

ವೃತ್ತಿಪರರಿಗೆಲ್ಲ ಆತ ಸುಲಭದ ತುತ್ತಾಗಿರಲಿಲ್ಲ ನಿಜ, ಆತನೂ ಅಜೇಯನಾಗಿರಲಿಲ್ಲ. 1926ರಲ್ಲಿ ಫ್ಲಾರಿಡಾದಲ್ಲಿ ಹೇಗನ್ ಜೊತೆ 72 ಹೋಲ್‌ಗಳ ಪ್ರದರ್ಶನ ಪಂದ್ಯ ನಡೆಯಿತು. ಇನ್ನೂ 11 ಹೋಲ್ ಬಾಕಿ ಇರುವಾಗಲೇ 12 ಹೋಲ್‌ಗಳ ಮುನ್ನಡೆಯಿಂದ ಹೇಗನ್ ಪಂದ್ಯ ಮುಗಿಸಿದ. ಹಣವೆಲ್ಲ ಹೇಗನ್‌ಗೆ, ಹವ್ಯಾಸಿಗೆ ಚಿಕ್ಕಾಸೂ ಇಲ್ಲ. ಗೆದ್ದ ದುಡ್ಡಿನಲ್ಲಿ ಹೇಗನ್ ಬೆಲೆಬಾಳುವ ಕಫ್‌ಲಿಂಕ್ ಕೊಂಡು ಜೋನ್ಸ್‌ಗೆ ಉಡುಗೊರೆ ಕೊಟ್ಟ.

ಮೂರು ವರ್ಷದ ನಂತರ ಕ್ಯಾಲಿಫೋರ್ನಿಯಾದ ಪೆಬಲ್ ಬೀಚ್‌ನಲ್ಲಿ ಇನ್ನೊಂದು ಸೋಲು, ಇದು ಇನ್ನೂ ಅನಿರೀಕ್ಷಿತ. ಅಮೆಚೂರ್‌ನ ಮೊದಲ ಪಂದ್ಯದಲ್ಲೇ ಒಮಾಹಾದ ಜಾನಿ ಗುಡ್‌ಮನ್ ಎಂಬ ಹತ್ತೊಂಬತ್ತರ ಹುಡುಗ ಜೋನ್ಸ್‌ನನ್ನು ಮನೆಗೆ ಕಳಿಸಿದ. ಕಸಾಯಿಖಾನೆಗಳ ಪೇಟೆಯಲ್ಲಿ ಬೆಳೆದ, ತಂದೆತಾಯಿ ಇಲ್ಲದ, ಕ್ಯಾಡಿಯಾಗಿ ಆಟ ಕಲಿತ ಈ ಹುಡುಗ ದನ ಸಾಗಿಸುವ ರೈಲಿನಲ್ಲಿ ಅಲ್ಲಿಗೆ ಬಂದಿದ್ದನೆಂದು ಹೇಳುತ್ತಾರೆ. ಜೋನ್ಸ್‌ಗೆ ವಾರವಿಡೀ ಬಿಡುವು ಸಿಕ್ಕಿತು. ಅಲ್ಲಿಯೇ ಹತ್ತಿರದ ಸೈಪ್ರಸ್ ಪಾಯಿಂಟ್ ಎಂಬ ಹೊಸ ಮೈದಾನ ನೋಡಿ ಮೆಚ್ಚಿದ. ಅದನ್ನು ರೂಪಿಸಿದ ಅಲಿಸ್ಟರ್ ಮೆಕೆಂಜಿಯ ಪರಿಚಯ ಮುಂದೆ ಫಲ ಕೊಟ್ಟಿತು.

1930ರ ವರ್ಷವನ್ನು ಅಶ್ವಮೇಧದ ಹಾಗೆ ವರ್ಣಿಸುವವರಿದ್ದಾರೆ. ಹತ್ತಿರದಿಂದ ನೋಡಿದರೆ ನಾಲ್ಕರಲ್ಲಿ ಮೂರು ಕೂದಲೆಳೆಯಲ್ಲಿ ದಕ್ಕಿದವು. ಮೊದಲನೆಯದು ಮೇ ಕೊನೆಯಲ್ಲಿ, ಸೇಂಟ್ ಆಂಡ್ರೂಸ್‌ನ ಅಮೆಚೂರ್. ನಾಲ್ಕನೆಯ ಸುತ್ತಿನಲ್ಲಿ ಹಾಲಿ ಚಾಂಪಿಯನ್ ಸಿರಿಲ್ ಟೋಲಿ ಜೊತೆ ಗಾಳಿಯ ನಡುವೆ ಹದಿನೆಂಟು ಹೋಲ್ ಸಮವಾಗಿ ಮುಗಿದವು. ಹತ್ತೊಂಬತ್ತನೆಯದರಲ್ಲಿ ಜೋನ್ಸ್‌ನ ಚೆಂಡು ಗುಳಿಗೂ ಟೋಲಿಯ ಚೆಂಡಿಗೂ ನಡುವೆ ಬಂದು ನಿಂತಿತು. ಎದುರಾಳಿಯ ಚೆಂಡು ಅಡ್ಡವಿದ್ದರೆ ಎತ್ತಿಸುವಂತಿಲ್ಲ ಎಂಬುದು ಆಗಿನ ನಿಯಮ, ಅದನ್ನು ತೆಗೆದುಹಾಕಿದ್ದು 1952ರಲ್ಲಿ. ಟೋಲಿಗೆ ದಾರಿಯೇ ಇರಲಿಲ್ಲ. ಸೆಮಿಫೈನಲ್‌ನಲ್ಲಿ ಐದು ಹೋಲ್ ಉಳಿದಿರುವಾಗ ಜೋನ್ಸ್ ಎರಡು ಹೋಲ್ ಹಿಂದಿದ್ದ, ಅಲ್ಲಿಂದ ಎದ್ದು ಬಂದ. ಫೈನಲ್‌ನಲ್ಲಿ ಮಾತ್ರ ರಾಜರ್ ವೆದರೆಡ್‌ನನ್ನು ಆರಾಮಾಗಿ ಸೋಲಿಸಿದ.

ಮೂರು ವಾರದ ಬಳಿಕ ಇಂಗ್ಲೆಂಡಿನ ಹೊಯ್‌ಲೇಕ್‌ನಲ್ಲಿ ಬ್ರಿಟಿಷ್ ಓಪನ್. ಕೊನೆಯ ಸುತ್ತಿನ ಎಂಟನೆಯ ಹೋಲ್‌ನಲ್ಲಿ ಎರಡೇ ಹೊಡೆತಕ್ಕೆ ಗ್ರೀನ್ ಬಳಿ ಬಂದಿದ್ದ. ಎಳೆಯ ಹುಡುಗನೂ ಅಲ್ಲಿಂದ ಮೂರಕ್ಕೆ ಮುಗಿಸುತ್ತಾನೆ. ಮೆಲ್ಲಗೆ ತಟ್ಟಿದ, ಚೆಂಡು ಗ್ರೀನ್ ಮುಟ್ಟಲಿಲ್ಲ. ಮತ್ತೆ ತಟ್ಟಿದ, ಗುಳಿಯಿಂದ ಹತ್ತು ಅಡಿ ಹಿಂದೆ. ಪಟ್ ಮಾಡಿದ, ಒಂದಡಿ ದಾಟಿ ಹೋಯಿತು. ಆ ಒಂದಡಿಯದೂ ತಪ್ಪಿತು. ಒಟ್ಟು ಏಳು. ಅಷ್ಟು ಎಡವಟ್ಟಾದ ಮೇಲೂ ಎರಡು ಹೊಡೆತದಿಂದ ಗೆದ್ದನೆಂದರೆ ಉಳಿದ ಹೋಲ್‌ಗಳನ್ನು ಹೇಗೆ ಆಡಿರಬೇಕು, ಊಹಿಸಿಕೊಳ್ಳಿ.

ಜುಲೈನಲ್ಲಿ ಮಿನಿಯಾಪೊಲಿಸ್‌ನ ಇಂಟರ್ಲಾಕನ್‌ನಲ್ಲಿ ಅಮೆರಿಕದ ಓಪನ್, ಸುಡುಬಿಸಿಲು. ಬೆವರಿಗೆ ಬಣ್ಣ ಬಿಟ್ಟು ಕತ್ತಿಗೆ ಬಿಗಿದುಕೊಂಡ ಕೆಂಪು ಟೈ ಬಿಚ್ಚಲಾಗದೆ ಚಾಕುವಿನಿಂದ ಕತ್ತರಿಸಬೇಕಾಯಿತು. ಎರಡನೆಯ ಸುತ್ತಿನಲ್ಲಿ ಒಂಬತ್ತನೆಯ ಹೋಲ್‌ನ ಕೆರೆ ದಾಟಿಸುವಾಗ ಗುಂಪಿನಲ್ಲಿ ಯಾರೋ ಕದಲಿದರು, ಕೋಲು ಚೆಂಡಿನ ತಲೆಗೆ ತಾಗಿತು. ಚೆಂಡು ನೀರಿನ ಮೇಲೆ ಕಪ್ಪೆಹಾರು ಹಾರುತ್ತ ಆಚೆ ದಡ ಸೇರಿತು. ತಾವರೆ ಎಲೆಗಳ ಮೇಲೆ ಪುಟಿದದ್ದೆಂದು ಜನ ಕಥೆ ಕಟ್ಟಿದರು. ಕೊನೆಯ ಸುತ್ತಿನ ಹದಿನೇಳನೆಯ ಹೋಲ್‌ನಲ್ಲಿ ಚೆಂಡು ಜೌಗಿನ ಕಡೆ ಹೋಗಿ ಸಿಗಲೇ ಇಲ್ಲ. ಅದನ್ನು ಕಳೆದ ಚೆಂಡೆಂದು ಎಣಿಸದೆ, ನೀರಿನ ಅಡಚಣೆಗೆ ಬಿದ್ದದ್ದೆಂದು ಅಧಿಕಾರಿ ತೀರ್ಪಿತ್ತ. ಅದರಿಂದ ಜೋನ್ಸ್‌ಗೆ ಒಂದು ಹೊಡೆತದಷ್ಟು ಅನುಕೂಲವಾಯಿತು. ಆ ತೀರ್ಪಿನ ಬಗ್ಗೆ ಇಂದಿಗೂ ವಾದ ಮಾಡುವವರಿದ್ದಾರೆ, ವಾದಕ್ಕೆ ಎಡೆಯೂ ಇದೆ. ಕೊನೆಯ ಹೋಲ್‌ನಲ್ಲಿ ನಲವತ್ತು ಅಡಿ ದೂರದಿಂದ ಪಟ್ ಒಳಗೆ ಹಾಕಿ ಮ್ಯಾಕ್‌ಡೊನಾಲ್ಡ್ ಸ್ಮಿತ್‌ಗಿಂತ ಎರಡು ಹೊಡೆತ ಮುಂದೆ ಮುಗಿಸಿದ.

ಉಳಿದದ್ದು ಅಮೆರಿಕದ ಅಮೆಚೂರ್, ಅದೂ ಹದಿನಾಲ್ಕರಲ್ಲಿ ಮೊದಲು ಆಡಿದ ಮೆರಿಯನ್‌ನಲ್ಲೇ. ಇದೊಂದು ಮಾತ್ರ ಏಕಪಕ್ಷೀಯ. ಸೆಪ್ಟೆಂಬರ್ 27ರ ಫೈನಲ್‌ನಲ್ಲಿ ಯೂಜೀನ್ ಹೋಮನ್ಸ್ ವಿರುದ್ಧ ಏಳು ಹೋಲ್ ಉಳಿದಿರುವಾಗಲೇ ಎಂಟರ ಮುನ್ನಡೆ ಸಿಕ್ಕಿ ಆಟ ಮುಗಿಯಿತು. ನುಗ್ಗಿದ ಜನಜಂಗುಳಿಯಿಂದ ಅವನನ್ನು ಕಾಪಾಡಿ ಕರೆದೊಯ್ಯಲು ನೌಕಾಪಡೆಯ ಸೈನಿಕರು ಬೇಕಾದರು. ಇಸ್ಪೀಟಿನ ಬ್ರಿಜ್ ಆಟದಿಂದ ಪದ ತಂದು ಕೀಲರ್ ಅದನ್ನು ಗ್ರ್ಯಾಂಡ್ ಸ್ಲ್ಯಾಮ್ ಎಂದು ಕರೆದ. ಟೆನಿಸ್‌ನಿಂದ ಹಿಡಿದು ಎಲ್ಲ ಕಡೆಯೂ ಈಗ ಆ ಮಾತು ಚಲಾವಣೆಯಲ್ಲಿದೆ.

ನವೆಂಬರಿನ ಹೇಳಿಕೆಗೆ ಇನ್ನೊಂದು ಮುಖವಿತ್ತು, ಅದನ್ನು ಜೋನ್ಸ್ ಬಚ್ಚಿಡಲಿಲ್ಲ. ವಾರ್ನರ್ ಬ್ರದರ್ಸ್ ಕಂಪನಿಗೆ ಗಾಲ್ಫ್ ಕಲಿಸುವ ಕಿರುಚಿತ್ರಗಳನ್ನು ಮಾಡಿಕೊಡಲು ಒಪ್ಪಿದ್ದ, ಹಣವೂ ದೊಡ್ಡದು. ಅದು ಹವ್ಯಾಸಿಯ ನಿಯಮಕ್ಕೆ ವಿರುದ್ಧವೆಂದು ಯಾರಾದರೂ ಹೇಳುವ ಮೊದಲೇ ತಾನಾಗಿ ಸ್ಪರ್ಧೆ ಬಿಟ್ಟ. ಸಂಘ ತೀರ್ಪು ಕೊಡುವ ಪ್ರಮೇಯವೇ ಬರಲಿಲ್ಲ. 1931ರಲ್ಲಿ ಬಂದ ಹನ್ನೆರಡು ಚಿತ್ರಗಳಲ್ಲಿ ಜೇಮ್ಸ್ ಕ್ಯಾಗ್ನಿಯಂಥ ಹಾಲಿವುಡ್ ನಟರು ಅವನಿಂದ ಕೋಲು ಹಿಡಿಯಲು ಕಲಿಯುವ ದೃಶ್ಯಗಳಿವೆ. ಸ್ಪಾಲ್ಡಿಂಗ್ ಕಂಪನಿಗೆ ಕೋಲುಗಳನ್ನೂ ವಿನ್ಯಾಸ ಮಾಡಿಕೊಟ್ಟ. ಮಹಾ ಆರ್ಥಿಕ ಕುಸಿತದ ಕಾಲ, ಮೂರು ಮಕ್ಕಳ ಸಂಸಾರ. ಹವ್ಯಾಸಿತನವನ್ನು ಸಂತತನದ ಮಟ್ಟಕ್ಕೇರಿಸಿದವರಿಗೆ ಇದರಿಂದ ಇರಿಸುಮುರಿಸಾಗಬಹುದು. ನನಗಂತೂ ಇದು ಅವನ ಬದುಕಿನ ಅತ್ಯಂತ ಲೆಕ್ಕಾಚಾರದ, ಅತ್ಯಂತ ನೇರವಾದ ಹೆಜ್ಜೆಯಾಗಿ ಕಾಣುತ್ತದೆ.

ಬಳಿಕ ಕ್ಲಿಫರ್ಡ್ ರಾಬರ್ಟ್ಸ್ ಎಂಬ ಹಣಕಾಸುದಾರನ ಜೊತೆ ಸೇರಿ ಜಾರ್ಜಿಯಾದ ಅಗಸ್ಟಾದಲ್ಲಿ ಹಳೆಯ ಸಸ್ಯಪಾಲನಾ ತೋಟವೊಂದನ್ನು ಕೊಂಡು, ಮೆಕೆಂಜಿಯ ಕೈಯಲ್ಲಿ ಮೈದಾನ ಮಾಡಿಸಿದ. 1934ರಲ್ಲಿ ಅಲ್ಲಿ ಶುರುವಾದ ಆಹ್ವಾನಿತರ ಟೂರ್ನಿಯೇ ಇಂದಿನ ಮಾಸ್ಟರ್ಸ್. ಗೆಳೆತನ, ಸಭ್ಯತೆಗಳ ಹೆಸರಿನಲ್ಲಿ ಕಟ್ಟಿದ ಆ ಅಂಗಳಕ್ಕೆ ಕಪ್ಪು ಜನ ಬಂದದ್ದು ದಶಕಗಳ ಕಾಲ ಕ್ಯಾಡಿಗಳಾಗಿ, ಕೆಲಸದವರಾಗಿ ಮಾತ್ರ. ಕಪ್ಪು ಆಟಗಾರ ಲೀ ಎಲ್ಡರ್ ಅಲ್ಲಿ ಮಾಸ್ಟರ್ಸ್ ಆಡಿದ್ದು 1975ರಲ್ಲಿ, ಕಪ್ಪು ಸದಸ್ಯನೊಬ್ಬ ಸೇರಿದ್ದು 1990ರಲ್ಲಿ, ಹೆಂಗಸರು 2012ರಲ್ಲಿ. ಜೋನ್ಸ್‌ನ ಸಜ್ಜನಿಕೆಯನ್ನು ಕೊಂಡಾಡುವಾಗ ಈ ಇಸವಿಗಳನ್ನೂ ಜೊತೆಗಿಟ್ಟುಕೊಳ್ಳಬೇಕು. ಕಣ್ಣೆದುರಿಗಿದ್ದ ಆ ಅನ್ಯಾಯವನ್ನು ಪ್ರಶ್ನಿಸುವ ಜಾಯಮಾನ ಅವನದಾಗಿರಲಿಲ್ಲ.

1948ರ ನಂತರ ಆತ ಗಾಲ್ಫ್ ಆಡಲಿಲ್ಲ. ಬೆನ್ನುಹುರಿಯೊಳಗೆ ನೀರುಗುಳ್ಳೆ ಕಟ್ಟಿ ನರಗಳನ್ನು ಕೊಲ್ಲುತ್ತ ಬರುವ ಸಿರಿಂಗೋಮೈಲಿಯಾ ಎಂಬ ಕಾಯಿಲೆ. ಕೋಲೂರಿ ನಡೆದವನು ಊರುಗೋಲಿಗೆ, ಆಮೇಲೆ ಗಾಲಿಕುರ್ಚಿಗೆ ಬಂದ. 1958ರ ಅಕ್ಟೋಬರಿನಲ್ಲಿ ಸೇಂಟ್ ಆಂಡ್ರೂಸ್ ಊರು ಅವನಿಗೆ ಗೌರವ ಪೌರತ್ವ ಕೊಟ್ಟಿತು. ಅವನಿಗಿಂತ ಮುಂಚೆ ಅದು ಸಿಕ್ಕಿದ್ದ ಅಮೆರಿಕನ್ ಎಂದರೆ ಬೆಂಜಮಿನ್ ಫ್ರಾಂಕ್ಲಿನ್, 1759ರಲ್ಲಿ. ಬರೆದು ತಂದ ಭಾಷಣ ಬದಿಗಿಟ್ಟು ಮಾತಾಡಿದ ಜೋನ್ಸ್ ಸಣ್ಣ ಬ್ಯಾಟರಿ ಗಾಡಿಯಲ್ಲಿ ಸಭಾಂಗಣದಿಂದ ಹೊರಡುವಾಗ ಜನ ಎದ್ದು ನಿಂತು ಬೀಳ್ಕೊಡುಗೆಯ ಹಳೆಯ ಸ್ಕಾಟಿಷ್ ಹಾಡು ಹೇಳಿದರು. 1971ರ ಡಿಸೆಂಬರ್ 18ರಂದು, 69ರ ವಯಸ್ಸಿನಲ್ಲಿ ಆತ ತೀರಿಕೊಂಡ.

ಪೆಬಲ್ ಬೀಚ್‌ನಲ್ಲಿ ಜೋನ್ಸ್‌ನನ್ನು ಮಣಿಸಿದ್ದ ಜಾನಿ ಗುಡ್‌ಮನ್ ಕೂಡ ಹವ್ಯಾಸಿಯಾಗಿಯೇ ಉಳಿದ, ಆದರೆ ತಂದೆಯ ವಕೀಲಿ ಕಚೇರಿ ಅವನಿಗಿರಲಿಲ್ಲ. ವಿಮೆ ಮಾರುತ್ತ ಆಡಿದ. 1933ರಲ್ಲಿ ವೃತ್ತಿಪರರನ್ನೆಲ್ಲ ಹಿಂದಿಕ್ಕಿ ಅಮೆರಿಕದ ಓಪನ್ ಗೆದ್ದ, 1937ರಲ್ಲಿ ಅಮೆಚೂರ್ ಗೆದ್ದ. ಅವನಾದ ಮೇಲೆ ಇವತ್ತಿನವರೆಗೆ ಯಾವ ಹವ್ಯಾಸಿಯೂ ಅಮೆರಿಕದ ಓಪನ್ ಗೆದ್ದಿಲ್ಲ. ಐವತ್ತು ದಾಟಿದ ಮೇಲೆ, 1960ರಲ್ಲಿ, ಗುಡ್‌ಮನ್ ವೃತ್ತಿಪರನಾಗಿ ಹೆಸರು ಬರೆಸಿ ಕ್ಯಾಲಿಫೋರ್ನಿಯಾದಲ್ಲಿ ಗಾಲ್ಫ್ ಪಾಠ ಹೇಳಿಕೊಂಡು ಬದುಕಿದ.